ಹನ್ನೊಂದು ಸೆಕೆಂಡಿನ ತಾರೆ

ನಮ್ಮ ಮೇಲಿನ ಮನೆಯಲ್ಲಿ ಒಬ್ಬ ಸಿನಿಮಾ ತಾರೆ ಇದ್ದರು ಎಂದರೆ ಕ್ಯಾಲಿಫೋರ್ನಿಯಾದ ಈ ಫ್ರೀಮಾಂಟಿನಲ್ಲಿ ಯಾರೂ ನಂಬುವುದಿಲ್ಲ. ನೀವೂ ನಂಬಬೇಡಿ. ಮೊದಮೊದಲು ನಾನೇ ನಂಬಿರಲಿಲ್ಲ! ಎಪ್ಪತ್ತೆಂಟು ವರ್ಷದ ಆ ಜೆಕ್ ಮಹಿಳೆ ತಮ್ಮ ದೇಶದಲ್ಲಿ ಮೂವತ್ತಕ್ಕೂ ಹೆಚ್ಚು ಸಿನಿಮಾಗಳಲ್ಲಿ ನಟಿಸಿದ್ದರು. ಒಂದರಲ್ಲೂ ಅವರ ಪಾತ್ರಕ್ಕೆ ಹೆಸರಿರಲಿಲ್ಲ. ನರ್ಸು, ಟಿಕೆಟ್ ಕೊಡುವವಳು, ಎದುರುಮನೆಯ ಕಿಟಕಿ ತೆರೆಯುವವಳು, ನಾಯಕಿಯ ಮದುವೆಯಲ್ಲಿ ಮೂಲೆಯಲ್ಲಿ ನಿಂತು ಅಳುವವಳು.

"ಅಳೋದಕ್ಕೆ ಗ್ಲಿಸರಿನ್ ಹಾಕ್ಕೋತಿದ್ರಾ?" ಎಂದು ಕೇಳಿದ್ದೆ.

"ಯಾಕೆ? ನಾಯಕಿಯ ಮುಖ ನೋಡಿದ್ರೆ ಸಾಕಿತ್ತು, ತಾನಾಗೇ ಬರ್ತಿತ್ತು!" ಎಂದಿದ್ದರು. ಅವರು ಮಾತಾಡುತ್ತಿದ್ದುದು ಇಂಗ್ಲಿಷಿನಲ್ಲಿ, ನನಗೆ ಮಾತ್ರ ಅದು ಯಾಕೋ ಕನ್ನಡದಲ್ಲೇ ನೆನಪಿದೆ.

ಸಿನಿಮಾ ಇಲ್ಲದ ದಿನಗಳಲ್ಲಿ ಅವರು ಸೂತ್ರದ ಗೊಂಬೆ ಆಡಿಸುತ್ತಿದ್ದರು. ಅಲ್ಲಂತೂ ಮುಖವೇ ಬೇಡ. ಕಪ್ಪು ಬಟ್ಟೆ ತೊಟ್ಟು, ಕಪ್ಪು ಪರದೆಯ ಹಿಂದೆ ಎತ್ತರದಲ್ಲಿ ನಿಂತು, ಕೆಳಗೆ ದಾರ ಇಳಿಬಿಡುವುದು. ಹಾಲಿನ ಪಾತ್ರೆ ಹಿಡಿದ ಮರದ ಹೆಂಗಸೊಬ್ಬಳು ಅವರ ಗೊಂಬೆ. ಅವಳೂ ಪೋಷಕ ನಟಿಯೇ! ರಾಜನ ಕಥೆಯ ನಡುವೆ ಬಂದು, ಹಾಲು ಚೆಲ್ಲಿ, ಬೈಸಿಕೊಂಡು ಹೋಗುವುದಷ್ಟೇ ಅವಳ ಕೆಲಸ. ಅವಳನ್ನು ಬೆಡ್‌ರೂಮಿನ ಕೊಕ್ಕೆಗೆ ನೇತುಹಾಕಿರುತ್ತಿದ್ದರು. ಗೊಂಬೆಯನ್ನು ಮಲಗಿಸಬಾರದಂತೆ, ಮಲಗಿದ ಗೊಂಬೆ ಸತ್ತಂತೆ ಅನ್ನುವುದು ಅವರ ಕಡೆಯ ಲೆಕ್ಕ.

ಈ ಮಹಾತಾಯಿಗೆ ಬದುಕೆಲ್ಲ ಶೂಟಿಂಗು. ನಮ್ಮ ಮನೆಗೆ ಬರುವಾಗ ಬೆಲ್ ಮಾಡಿ, ಮೊದಲು ಕೇಕಿನ ತಟ್ಟೆ ಹಿಡಿದ ಕೈ, ಆಮೇಲೆ ಭುಜ, ಕಡೆಗೆ ಮುಖ. ಒಮ್ಮೆ ಹಾಗೆ ಬಂದಾಗ ನನ್ನ ಗಂಡ ಫೋನು ನೋಡುತ್ತ ಕೂತಿದ್ದ. "ಕಟ್!" ಎಂದವರೇ ಕೇಕಿನ ಸಮೇತ ಹೊರಗೆ ಹೋಗಿ, ಬಾಗಿಲು ಹಾಕಿಕೊಂಡು, ಮತ್ತೆ ಬೆಲ್ ಮಾಡಿದರು. ಎರಡನೇ ಟೇಕು ಓಕೆ ಆಯಿತು. ಟ್ರೇನಿನಲ್ಲಿ ಒಟ್ಟಿಗೆ ಹೋಗುವಾಗ ಹಿಂದಿನ ಸಾಲಿನ ಕಿಟಕಿ ಹಿಡಿದು, "ಮಾತಾಡಿಸಬೇಡ, ನಾನೀಗ ಪ್ರಯಾಣಿಕಳು," ಎನ್ನುತ್ತಿದ್ದರು. ಹೊರಗೆ ಒಣಹುಲ್ಲಿನ ಗುಡ್ಡಗಳು, ಅವುಗಳ ನೆತ್ತಿಯಲ್ಲಿ ಇಳಿಯಲೋ ಬೇಡವೋ ಎನ್ನುವ ಮಂಜು. ನೋಡುತ್ತ ನೋಡುತ್ತ ನನಗೂ ನಾನು ಯಾರದೋ ಸಿನಿಮಾದೊಳಗೆ ಕೂತಿದ್ದೇನೆ ಅನ್ನಿಸಿ, ಇಳಿಯಬೇಕಾದ ಸ್ಟೇಷನ್ನೇ ದಾಟಿಹೋಗುತ್ತಿತ್ತು.

ಕಡೆಗೊಂದು ದಿನ ಅವರ ಹಳೆಯ ಸಿನಿಮಾ ಒಂದು ಇಂಟರ್‌ನೆಟ್ಟಿನಲ್ಲಿ ಸಿಕ್ಕಿತು. ಮನೆಮಂದಿಯೆಲ್ಲ ಟಿವಿ ಮುಂದೆ ಕೂತೆವು. ಒಂದು ಗಂಟೆ ನಾಲ್ಕು ನಿಮಿಷ ಕಾದೆವು. "ಈಗ ಬರ್ತೀನಿ," ಎಂದು ಅವರು ಉಸಿರು ಬಿಗಿಹಿಡಿದರು. ಸರಿಯಾಗಿ ಆಗಲೇ ಅಡುಗೆಮನೆಯ ಕುಕ್ಕರು ಸೀಟಿ ಹೊಡೆಯಬೇಕೇ! ಎಲ್ಲರ ಕತ್ತೂ ಅತ್ತ ತಿರುಗಿತು. ಇತ್ತ ತಿರುಗುವಷ್ಟರಲ್ಲಿ ತಾರೆ ಬಂದು, ಬಾಗಿಲು ತೆರೆದು, ಹೋಗಿಯಾಗಿತ್ತು. ಒಟ್ಟು ಹನ್ನೊಂದು ಸೆಕೆಂಡು. ಹಿಂದಕ್ಕೆ ಓಡಿಸಿ ನೋಡೋಣವೆಂದರೆ ಬೇಡವೆಂದರು. "ಪರವಾಗಿಲ್ಲ, ನಮ್ಮೂರ ಥಿಯೇಟರಿನಲ್ಲೂ ಸರಿಯಾಗಿ ಆಗಲೇ ಯಾರಾದರೂ ಸೀನುತ್ತಿದ್ದರು," ಎಂದು ನಕ್ಕರು. ಆ ನಗು ನನಗೆ ಅಷ್ಟು ಹಿಡಿಸಲಿಲ್ಲ.

ನವರಾತ್ರಿಗೆ, ನಮ್ಮ ಜೊತೆಗೇ ಇರುವ ಮಂಡ್ಯದ ನಮ್ಮತ್ತೆ ಎಂದಿನಂತೆ ಲಿವಿಂಗ್ ರೂಮಿನಲ್ಲಿ ಗೊಂಬೆ ಕೂರಿಸಿದರು. ಪಟ್ಟದ ರಾಜ ರಾಣಿ ಮೇಲಿನ ಮೆಟ್ಟಿಲಲ್ಲಿ, ಮಿಕ್ಕವರೆಲ್ಲ ಕೆಳಗೆ. ನಮ್ಮ ತಾರೆಯನ್ನು ಕರೆದೆವು. ಬಂದವರು ಎದುರಿನ ಕುರ್ಚಿಯಲ್ಲಿ ಕೂತರು. ಕೋಸಂಬರಿ ತಿಂದರು. ಅರ್ಧ ಗಂಟೆಯಾದರೂ ಅಲುಗಲಿಲ್ಲ. ಕಡೆಗೆ ನನ್ನ ಕಿವಿಯಲ್ಲಿ ಕೇಳಿದರು: "ಯಾವಾಗ ಶುರುವಾಗುತ್ತೆ?"

"ಏನು?"

"ಆಟ!"

"ಆಟ ಇಲ್ಲ. ಒಂಬತ್ತು ದಿನವೂ ಹೀಗೇ ಕೂತಿರ್ತವೆ."

"ಇಷ್ಟೂ ಜನ? ಸುಮ್ಮನೆ? ಎಲ್ಲರೂ ಎಕ್ಸ್‌ಟ್ರಾಗಳಾ!" ಎಂದು ಅವರು ಎದ್ದು ನಿಂತು ಗೊಂಬೆಗಳ ಮೆಟ್ಟಿಲುಗಳಿಗೆ ವಂದಿಸಿದರು.

ಮರುದಿನ ಹಾಲಿನವಳನ್ನು ಎತ್ತಿಕೊಂಡು ಬಂದರು. ಈ ಸಲ ಕೈ, ಭುಜ, ಮುಖ ಎಂಬ ಕ್ರಮವಿರಲಿಲ್ಲ. ಗೊಂಬೆಯ ದಾರಗಳೆಲ್ಲ ಗಂಟಾಗಿದ್ದವು. ಅವರ ಬೆರಳುಗಳು ವರ್ಷದಿಂದ ಸೆಟೆದು, ಗಂಟು ಬಿಡಿಸಲೂ ಬಾರದಂತಾಗಿದ್ದವು. ಹಬ್ಬ ಮುಗಿದ ಮೇಲೆ ಅವರು ಪಕ್ಕದೂರು ಪ್ಲೆಸೆಂಟನ್ನಿನಲ್ಲಿರುವ ತಂಗಿಯ ಮನೆ ಸೇರುವವರಿದ್ದರು, ಮೆಟ್ಟಿಲು ಹತ್ತಲು ಇನ್ನಾಗದು. "ಇವಳನ್ನ ಗೋಡೆಗೆ ನೇತುಹಾಕೋಕೆ ಬೇಕಾದಷ್ಟು ಜನ ಕೇಳಿದಾರೆ. ನಡೆಸೋರು ಯಾರೂ ಇಲ್ಲ. ನಡೆಸದೆ ಇದ್ರೆ ಇವಳು ಬರೀ ಮರ," ಎಂದರು. ಅವರು ಅಳುವುದನ್ನು ನಾನು ನೋಡಿದ್ದು ಆಗಲೇ. ಅಲ್ಲಿ ನಾಯಕಿ ಯಾರೂ ಇರಲಿಲ್ಲ.

ಸೇವಂತಿಗೆ ಕಟ್ಟುತ್ತಿದ್ದ ಅತ್ತೆ ತಲೆಯೆತ್ತಿದರು. "ಕೊಡ್ರವ್ವ ಇತ್ಲಾಗೆ. ದಾರ ತಾನೆ?"

ಅರವತ್ತು ವರ್ಷ ಹೂ ಕಟ್ಟಿದ ಬೆರಳು! ಹತ್ತು ನಿಮಿಷದಲ್ಲಿ ಒಂಬತ್ತು ದಾರಗಳೂ ಬಿಡಿಬಿಡಿಯಾಗಿ ಇಳಿದವು. ಆ ತಾರೆ ಅತ್ತೆಯ ಬೆರಳುಗಳನ್ನೇ ನೋಡಿದರು, ಆಮೇಲೆ ನಿಧಾನವಾಗಿ ದಾರಗಳನ್ನು ಕಟ್ಟಿದ ಮರದ ಹಿಡಿಯನ್ನು ಆ ಕೈಯಲ್ಲಿ ಇಟ್ಟರು.

ಅಲ್ಲಿಂದ ಶುರುವಾಯಿತು ನೋಡಿ ತಾಲೀಮು! ಒಬ್ಬರಿಗೆ ಕನ್ನಡ ಬಾರದು, ಇನ್ನೊಬ್ಬರಿಗೆ ಇಂಗ್ಲಿಷ್ ಬಾರದು. ತಾರೆ ಜೆಕ್‌ನಲ್ಲಿ ಗದರುವುದು, ಅತ್ತೆ "ಒಸಿ ಸುಮ್ಕಿರಿ, ಕಾಲು ಎತ್ತುಸ್ತಾವ್ನಿ" ಎನ್ನುವುದು. ನಾನು ಭಾಷಾಂತರಕ್ಕೆ ಹೋದರೆ ಇಬ್ಬರೂ ಸೇರಿ ನನ್ನನ್ನೇ ಗದರುವುದು. ಅಷ್ಟು ದಿನವೂ ನಮ್ಮ ಮನೆಯಲ್ಲಿ ಸಾರಿಗೆ ಉಪ್ಪಿರಲಿಲ್ಲ.

ವಿಜಯದಶಮಿಯ ಸಂಜೆ, ಕಿಟಕಿಯ ಬಿಸಿಲು ಕೇಸರಿಯಾಗಿದ್ದಾಗ, ಅತ್ತೆ ಸ್ಟೂಲಿನ ಮೇಲೆ ನಿಂತು ಹಾಲಿನವಳನ್ನು ಇಳಿಬಿಟ್ಟರು. ತಾರೆಯನ್ನು ಎದುರಿನ ಕುರ್ಚಿಯಲ್ಲಿ ಕೂರಿಸಿದ್ದೆವು. ಗೊಂಬೆ ತಡವರಿಸಿತು, ನಿಂತಿತು, ಆಮೇಲೆ ನಡೆಯಿತು. ರಾಜ ರಾಣಿಯ ಮುಂದೆ ಹಾಲು ಚೆಲ್ಲಲಿಲ್ಲ. ನೇರ ಕುರ್ಚಿಯ ಹತ್ತಿರ ಬಂದು ತಲೆಯೆತ್ತಿ ನೋಡಿತು.

"ನಲವತ್ತು ವರ್ಷ ಇವಳನ್ನ ಮೇಲಿಂದ ನೋಡಿದೀನಿ," ಎಂದರು ತಾರೆ. "ಬರೀ ನೆತ್ತಿ. ನಡೆಯುವಾಗ ಇವಳ ಮುಖ ಹೀಗಿರುತ್ತೆ ಅಂತ ನನಗೆ ಗೊತ್ತೇ ಇರಲಿಲ್ಲ."

ನಮ್ಮಲ್ಲಿ ಆ ಸಂಜೆ ಪಟ್ಟದ ಗೊಂಬೆಯನ್ನು ಮಲಗಿಸಿ ಹಬ್ಬ ಮುಗಿಸುತ್ತೇವೆ. ಅತ್ತೆ ರಾಣಿಯನ್ನು ಮಲಗಿಸಿದರು. ಪಕ್ಕದಲ್ಲಿ ಹಾಲಿನವಳನ್ನೂ ಮಲಗಿಸಲು ಹೋದಾಗ ತಾರೆ ಬೆಚ್ಚಿ ಕೈ ಚಾಚಿದರು. ಅತ್ತೆ ಆ ಕೈ ಹಿಡಿದುಕೊಂಡರು.

"ಸತ್ತಿಲ್ಲ ಕಣವ್ವ, ನಿದ್ದೆ. ನಾಳೆ ಬೆಳಿಗ್ಗೆ ಎಬ್ಬುಸ್ತೀನಿ. ದಿನಾ ಎಬ್ಬುಸ್ತೀನಿ."

ನಾನು ಭಾಷಾಂತರ ಮಾಡಲು ಬಾಯಿ ತೆರೆದೆ. ಬೇಕಾಗಲಿಲ್ಲ. ತಾರೆ ತಾವೇ ಬಗ್ಗಿ ಗೊಂಬೆಯನ್ನು ಮಲಗಿಸಿ, ಅದರ ಎದೆಯವರೆಗೆ ರಾಣಿಗೆ ಹೊದಿಸಿದ್ದ ರೇಷ್ಮೆ ತುಂಡನ್ನೇ ಎಳೆದು ಹೊದಿಸಿದರು.

ಆಮೇಲೆ ಬಾಗಿಲಿಗೆ ನಡೆದರು. ಗಂಡ ಫೋನನ್ನು ಕಿಸೆಗೆ ಹಾಕಿಕೊಂಡ. ಕುಕ್ಕರನ್ನು ನಾನು ಮೊದಲೇ ಆರಿಸಿದ್ದೆ. ಅವರು ಬಾಗಿಲು ತೆರೆದು, ತಿರುಗಿ, ನಮಗೆಲ್ಲ ಬಾಗಿ ವಂದಿಸಿ ಹೊರಡಲು ಹನ್ನೊಂದು ಸೆಕೆಂಡಿಗಿಂತ ತುಂಬ ಹೆಚ್ಚು ಹೊತ್ತು ಹಿಡಿಯಿತು. ನಮ್ಮಲ್ಲಿ ಒಬ್ಬರೂ ಬೇರೆ ಕಡೆ ನೋಡಲಿಲ್ಲ.