ದೋಣಿಯ ಹುಟ್ಟನ್ನು ದ್ವೀಪದಲ್ಲೇ ಇಟ್ಟವರಿಗೆ

ಮಾನ್ಯ ರ‍್ಯಾಂಡಮೈಜರ್ ಮಹಾಶಯರೇ,

ತಮಗೆ ಶರೀರವಿಲ್ಲವಾದ್ದರಿಂದ ಆರೋಗ್ಯ ವಿಚಾರಿಸುವಂತಿಲ್ಲ, ಸಂಸಾರವಿಲ್ಲವಾದ್ದರಿಂದ ಮನೆಯವರೆಲ್ಲ ಕ್ಷೇಮವೇ ಎಂದು ಕೇಳುವಂತಿಲ್ಲ. ಆದರೂ ಜಗಳಕ್ಕೆ ಹೋಗುವ ಮೊದಲು ಎರಡು ಒಳ್ಳೆಯ ಮಾತಾಡಬೇಕೆಂದು ಅಮ್ಮ ಹೇಳಿಕೊಟ್ಟಿರುವುದರಿಂದ, ತಾವು ಯಾವ ಕಂಪ್ಯೂಟರಿನಲ್ಲೇ ಇರಿ, ವೈರಸ್ಸು ಗಿರಸ್ಸು ತಗಲದೆ ಸುಖವಾಗಿರಿ ಎಂದು ಹಾರೈಸಿ ಈ ಬಹಿರಂಗ ಪತ್ರವನ್ನು ಆರಂಭಿಸುತ್ತೇನೆ. ನಾನು ಇಂಗ್ಲಿಷ್ ಮೀಡಿಯಮ್ಮಿನಲ್ಲಿ ಓದಿದವಳು. ಕನ್ನಡದಲ್ಲಿ ಇದುವರೆಗೆ ಬರೆದಿರುವುದು ರಜಾ ಅರ್ಜಿ ಮಾತ್ರ, ಅದೂ ಪರೀಕ್ಷೆಯಲ್ಲಿ, ಇಲ್ಲದ ಜ್ವರಕ್ಕೆ. ಆದ್ದರಿಂದ ಎಲ್ಲಾದರೂ ಸಿಟ್ಟು ಕಡಿಮೆಯಾಗಿ ವಿನಯ ಜಾಸ್ತಿಯಾದರೆ ಅದನ್ನು ಅಭ್ಯಾಸಬಲವೆಂದು ಕ್ಷಮಿಸಬೇಕು.

ಮೊದಲಿಗೆ ನಮ್ಮ ಪರಿಚಯ. ನಾನು ಶಿಶುವಿಹಾರದಲ್ಲಿ ಟೀಚರ್. ನಮ್ಮವರು ಹಲ್ಲಿನ ಸೆಟ್ಟು ಮಾಡುವವರು. ದಂತವೈದ್ಯರು ಬಾಯಿಯ ಅಚ್ಚು ತೆಗೆದು ಕಳಿಸಿದರೆ ಸಾಕು, ಯಾವ ಹಲ್ಲು ಎಲ್ಲಿ ಕೂರಬೇಕು, ಎಷ್ಟು ವಾಲಬೇಕು ಎಂದು ಕಣ್ಣು ಮುಚ್ಚಿ ಹೇಳಬಲ್ಲರು. ನಗುವಾಗ ಅವರ ಕಿವಿ ಕೆಂಪಾಗುತ್ತದೆ. ಇದಕ್ಕೂ ದೂರಿಗೂ ಸಂಬಂಧವಿಲ್ಲ, ಆದರೆ ಹೇಳದಿದ್ದರೆ ನನಗೆ ಸಮಾಧಾನವಿಲ್ಲ. ನಮ್ಮ ಮದುವೆಯ ಆಲ್ಬಮ್ಮು ಇನ್ನೂ ಸ್ಟುಡಿಯೋದಿಂದ ಬಂದಿಲ್ಲ ಎಂದರೆ ನಾವು ಎಷ್ಟು ಹೊಸಬರೆಂದು ತಮಗೆ ಅರ್ಥವಾಗುತ್ತದೆ.

ಇಂಥ ಮನುಷ್ಯರಿಗೆ ಬಾಲ್ಯದಿಂದಲೂ ಒಂದೇ ಒಂದು ವಿಡಿಯೋ ಗೇಮು. ಟೋಪಿ ಹಾಕಿದ ಗಿಡ್ಡ ದೀಪಗಾರನೊಬ್ಬ ಊರೂರು ಅಲೆದು, ಗುಹೆ ಹೊಕ್ಕು, ಎದುರಾದವರನ್ನು ಬಡಿದು, ಕೊನೆಗೆ ದೋಣಿ ಹತ್ತಿ ಸಮುದ್ರದ ನಡುವಿನ ದ್ವೀಪಕ್ಕೆ ಹೋಗಿ ಅಲ್ಲಿನ ದೀಪಸ್ತಂಭವನ್ನು ಹೊತ್ತಿಸುವ ಆಟ. ಮದುವೆಗೆ ಮುಂಚೆ ಫೋನಿನಲ್ಲಿ ಅವರು ಇದರ ಬಗ್ಗೆ ಮಾತಾಡುತ್ತಿದ್ದ ರೀತಿ ಕೇಳಿ, ಇಬ್ಬರೂ ಸೋಫಾದ ಮೇಲೆ ಅಂಟಿಕೊಂಡು ಕೂತು ಇದನ್ನು ಆಡುವುದೇ ದಾಂಪತ್ಯವೆಂದು ನಾನು ನಂಬಿದ್ದೆ. ಅಂಟಿಕೊಂಡು ಕೂತದ್ದೇನೋ ನಿಜ. ಆದರೆ ನಾನು ಒಂದು ಹೆಜ್ಜೆ ಇಡುವ ಮೊದಲೇ ಪೊದೆಯ ಹಿಂದೆ ಪೆಟ್ಟಿಗೆ ಇದೆ ನೋಡು ಎನ್ನುತ್ತಿದ್ದರು, ಪೆಟ್ಟಿಗೆ ತೆರೆಯುವ ಮೊದಲೇ ಅದರಲ್ಲಿ ಎಣ್ಣೆ ಇದೆ ಎನ್ನುತ್ತಿದ್ದರು. ಗುಹೆಯಲ್ಲಿ ನಾನು ಹೆದರುವುದಕ್ಕೂ ಮುಂಚೆ, ಹೆದರಬೇಡ ಈಗ ಬಾವಲಿ ಬರುತ್ತೆ ಎಂದು ಪ್ರೀತಿಯಿಂದ ಬೆನ್ನು ತಟ್ಟುತ್ತಿದ್ದರು. ನನ್ನ ಪಾಲಿಗೆ ಉಳಿದದ್ದು ಗುಂಡಿ ಒತ್ತುವ ಕೆಲಸ. ಅದನ್ನು ಲಿಫ್ಟಿನಲ್ಲೂ ಮಾಡಬಹುದು.

ಇದಿಷ್ಟೇ ಆಗಿದ್ದರೆ ತಮ್ಮವರೆಗೆ ಬರುತ್ತಿರಲಿಲ್ಲ. ಆಟ ಬಿಟ್ಟು ಎದ್ದರೆ ಮನೆ ಇದೆ, ಮನೆಯಲ್ಲಿ ಎಲ್ಲರಿಗೂ ಎಲ್ಲವೂ ಗೊತ್ತು, ನನ್ನೊಬ್ಬಳನ್ನು ಬಿಟ್ಟು. ಉಪ್ಪು ಟೀಪುಡಿ ಡಬ್ಬಿಯಲ್ಲಿದೆ, ಟೀಪುಡಿ ಬಿಸ್ಕತ್ತಿನ ಡಬ್ಬಿಯಲ್ಲಿದೆ, ಬಿಸ್ಕತ್ತು ಎಲ್ಲಿದೆಯೆಂದು ನಾನು ಇನ್ನೂ ಕಂಡುಹಿಡಿದಿಲ್ಲ. ನಡುಮನೆಯ ಸ್ವಿಚ್ಚುಗಳ ಸಾಲಿನಲ್ಲಿ ಮೊದಲನೆಯದನ್ನು ಒತ್ತಿದರೆ ಪಕ್ಕದ ಕೋಣೆಯಲ್ಲಿ ಪೇಪರ್ ಓದುತ್ತಿರುವ ಮಾವನವರ ಫ್ಯಾನು ನಿಲ್ಲುತ್ತದೆ. ಏನು ಕೇಳಿದರೂ ಈ ಮನೆಯ ಗಂಡಸರಿಬ್ಬರ ಉತ್ತರ ಒಂದೇ: ಅಲ್ಲೇ ಇದೆಯಲ್ಲ. ಕತ್ತರಿ ಅಲ್ಲೇ ಇದೆ, ಮೇಣದ ಬತ್ತಿ ಅಲ್ಲೇ ಇದೆ, ಬಾಗಿಲ ಬೀಗದ ಕೈ ಅಲ್ಲೇ ಇದೆ. ಇಷ್ಟೆಲ್ಲ ಸಾಮಾನು ಹಿಡಿಸುವ ಆ 'ಅಲ್ಲಿ' ಎಷ್ಟು ವಿಶಾಲವಾದ ಜಾಗವೋ, ಒಂದು ಸಲ ಒಳಗೆ ಹೋಗಿ ನೋಡುವ ಆಸೆ ನನಗೆ. ನಮ್ಮವರಿಗೆ ಒಂದೇ ಒಂದು ಮಧ್ಯಾಹ್ನ, ಯಾವುದು ಎಲ್ಲಿದೆಯೆಂದು ತಿಳಿಯದೆ ಪಕ್ಕದವರ ಮುಖ ನೋಡುವುದು ಹೇಗಿರುತ್ತದೆಂದು ಗೊತ್ತಾದರೆ ಸಾಕು ಎಂದುಕೊಂಡೆ. ಅದು ಗೊತ್ತಾಗದಿದ್ದರೆ ನಾನು ಈ ಮನೆಯಲ್ಲಿ ಜೀವನವಿಡೀ ದಾರಿ ಕೇಳುತ್ತಲೇ ಇರುತ್ತೇನೆ ಎಂಬ ಹೆದರಿಕೆ ಸ್ನಾನದ ಮನೆಯಲ್ಲಿ ಬಿಸಿನೀರಿನ ನಲ್ಲಿ ಯಾವುದೆಂದು ತಿಳಿಯದೆ ನಿಂತಿದ್ದಾಗ ಹುಟ್ಟಿತು.

ಆಗ ಸಿಕ್ಕಿದವರು ತಾವು. ಈ ಪತ್ರ ಬಹಿರಂಗವಾದ್ದರಿಂದ, ತಮ್ಮ ಪರಿಚಯವಿಲ್ಲದ ಓದುಗರಿಗೆ ಒಂದು ಮಾತು: ಇಸ್ಪೀಟು ಎಲೆ ಕಲಸಿದ ಹಾಗೆ ಇವರು ಹಳೆಯ ಆಟವೊಂದರ ಒಳಗಿನ ಸಾಮಾನು, ಶತ್ರುಗಳು, ಅಂಗಡಿ, ಹಾಡು ಎಲ್ಲವನ್ನೂ ಕಲಸಿ ಕೊಡುತ್ತಾರೆ. ಆಟ ಅದೇ, ಊರು ಅದೇ, ಆದರೆ ಯಾವುದು ಎಲ್ಲಿದೆಯೆಂದು ಯಾರಿಗೂ ಗೊತ್ತಿರುವುದಿಲ್ಲ. ಸಾವಿರ ಸಲ ಆಡಿದವನೂ ಹೊಸಬನಾಗುತ್ತಾನೆ. ನಮ್ಮವರು ಹಲ್ಲು ಕೂರಿಸಲು ಹೋಗಿದ್ದಾಗ ನಾನು ಆಟವನ್ನು ತಮ್ಮ ವಶಕ್ಕೆ ಒಪ್ಪಿಸಿದೆ. ತಾವು ವಿನಯದಿಂದ ಚೌಕಗಳ ಉದ್ದನೆಯ ಸಾಲೊಂದನ್ನು ತೋರಿಸಿ, ಏನೇನು ಕಲಸಬೇಕೋ ಅದಕ್ಕೆಲ್ಲ ಟಿಕ್ ಹಾಕಿ ಎಂದಿರಿ. ಶಿಶುವಿಹಾರದಲ್ಲಿ ಯಾವ ಮಗುವಿನ ಪುಸ್ತಕವನ್ನೂ ಟಿಕ್ ಹಾಕದೆ ಕಳಿಸಿದವಳಲ್ಲ ನಾನು. ಒಂದು ಚೌಕವನ್ನೂ ಬಿಡದೆ, ಬೇಜಾರಾಗಬಾರದೆಂದು, ಎಲ್ಲಕ್ಕೂ ಹಾಕಿದೆ. ಆಟ ಮುಗಿಯುವಂತಿದೆಯೇ ಎಂದು ಪರೀಕ್ಷೆ ಮಾಡುವುದು ಬೇಡ ಎಂಬ ಕೊನೆಯ ಚೌಕಕ್ಕೂ ಹಾಕಿದೆ. ಅದನ್ನು ಓದಿದಾಗ, ಪಾಪ, ಇವರಿಗೆ ಕೆಲಸ ಕಡಿಮೆಯಾಗಲಿ ಎನಿಸಿತು.

ಭಾನುವಾರ ಬಂತು. ಆಟ ಕಲಸಿದ್ದೇನೆ ಎಂದು ಹೇಳಿಯೇ ಕೂರಿಸಿದೆ. ಅವರು, ಕಲಸಿದರೆ ಏನಂತೆ, ಒಂದು ಗಂಟೆಯ ಕೆಲಸ ಎಂದು ತೋಳು ಮಡಚಿಕೊಂಡರು. ಮಾನ್ಯರೇ, ತಮ್ಮ ಕಲೆಯನ್ನು ಹೇಗೆ ಹೊಗಳಲಿ. ಎಣ್ಣೆ ಸಿಗಬೇಕಿದ್ದ ಮೊದಲ ಮಡಕೆಯಲ್ಲಿ ರಾಜನ ಕಿರೀಟ ಸಿಕ್ಕಿತು. ಕೊನೆಯ ಗುಹೆಯ ರಾಕ್ಷಸನ ಶಕ್ತಿಯನ್ನೆಲ್ಲ ತಾವು ಹಿತ್ತಲಿನ ಕೋಳಿಯೊಂದಕ್ಕೆ ಕೊಟ್ಟಿದ್ದಿರಿ. ಅದು ಕಾಳು ಹೆಕ್ಕುವುದನ್ನು ನಿಲ್ಲಿಸಿ ತಲೆಯೆತ್ತಿ ನೋಡಿದ್ದೇ ತಡ, ನಮ್ಮ ದೀಪಗಾರ ಟೋಪಿ ಸಮೇತ ಮಣ್ಣುಪಾಲಾದ. ಆ ಹೊತ್ತಿಗೆ ಹಿನ್ನೆಲೆಯಲ್ಲಿ ಬಂದದ್ದು ಆಟದ ಪುಟ್ಟ ಮಕ್ಕಳು ಮಲಗುವಾಗಿನ ಜೋಗುಳ. ಇದು ಹೀಗಿರಲಿಲ್ಲ ಎಂದು ನಮ್ಮವರು ಮೆಲ್ಲಗೆ ಹೇಳಿದರು. ಗದ್ದಲ ಕೇಳಿ ಮಾವನವರು ಪೇಪರ್ ಹಿಡಿದೇ ಬಂದು ನಿಂತು, ಕೋಳಿ ಮೂರನೆಯ ಸಲ ಕೊಂದಾಗ ಮಗನಿಗೆ, ಲೋ, ಅದರ ತಂಟೆಗೆ ಯಾಕೋ ಹೋಗ್ತೀಯ, ಸುತ್ತು ಹಾಕಿ ಹೋಗು ಎಂದು ಬುದ್ಧಿ ಹೇಳಿದರು. ನಾನು ನಕ್ಕು ನಕ್ಕು ಸೋಫಾದಿಂದ ಕೆಳಗೆ ಜಾರಿದೆ. ನಮ್ಮವರೂ ನಗುತ್ತಿದ್ದರು, ಕಿವಿ ಯಾವ ಬಣ್ಣವಾಗಿತ್ತೆಂದು ತಾವೇ ಊಹಿಸಬಹುದು. ಅಷ್ಟು ದಿನದಲ್ಲಿ ಮೊದಲ ಸಲ ಅವರು ನನ್ನನ್ನು, ಈಗ ಎಲ್ಲಿಗೆ ಹೋಗೋಣ ಎಂದು ಕೇಳಿದರು. ಇಲ್ಲಿಯವರೆಗೆ ತಮಗೆ ಸನ್ಮಾನ ಮಾಡಿಸಬೇಕೆಂದೇ ನನ್ನ ಯೋಚನೆಯಿತ್ತು.

ಆಮೇಲೆ ಬಂತು ದೋಣಿ. ದೋಣಿ ದಡದಲ್ಲಿತ್ತು, ಅದಕ್ಕೆ ಹುಟ್ಟು ಇರಲಿಲ್ಲ. ಮೂಲ ಆಟದಲ್ಲಿ ಅದು ಅಂಬಿಗನ ಗುಡಿಸಲಿನಲ್ಲೇ ಗೋಡೆಗೆ ಒರಗಿರುತ್ತದಂತೆ. ಗುಡಿಸಲಿನಲ್ಲಿ ಹುಟ್ಟಿನ ಜಾಗದಲ್ಲಿ ಒಂದು ಈರುಳ್ಳಿ ಇತ್ತು. ಬಿಡು, ಹುಡುಕೋಣ ಎಂದರು ನಮ್ಮವರು. ಬಾವಿಗೆ ಇಳಿದರು, ಬೆಟ್ಟ ಹತ್ತಿದರು, ಪ್ರತಿ ಮಡಕೆ ಒಡೆದರು, ಒಡೆದ ಮಡಕೆಗೆ ಆಟದೊಳಗಿನ ಮನೆಯ ಯಜಮಾನಿಯಿಂದ ಬೈಸಿಕೊಂಡರು. ಊಟವಾಯಿತು, ಮತ್ತೆ ಹುಡುಕಿದರು. ಮಾವನವರು ಬೇಸರವಾಗಿ ಎದ್ದುಹೋದರು. ನಗು ಯಾವಾಗ ನಿಂತಿತೋ ನನಗೆ ತಿಳಿಯಲಿಲ್ಲ. ನಾನು ತಮಾಷೆಗೆ, ಅಲ್ಲೇ ಇದೆಯಲ್ಲ ಎಂದೆ. ಹೇಳಬಾರದಿತ್ತು. ಅವರು ಪರದೆಯ ಮೇಲಿನ ಕಣ್ಣು ತೆಗೆಯದೆ ಹೇಳಿದರು:

"ನನ್ನ ಆಟಾನ ಯಾಕೆ ಮುಟ್ಟೋಕೆ ಹೋದೆ ನೀನು?"

ನನ್ನ ಆಟ. ಮಾನ್ಯರೇ, ತಾವು ಕಿರೀಟವನ್ನು ಮಡಕೆಗೂ ಶಕ್ತಿಯನ್ನು ಕೋಳಿಗೂ ವರ್ಗಾಯಿಸಬಲ್ಲಿರಿ, ಆ ಒಂದು ಪದವನ್ನು 'ನಮ್ಮ' ಎಂಬಲ್ಲಿಗೆ ಸರಿಸಿದ್ದರೆ ತಮ್ಮ ಗಂಟೇನು ಹೋಗುತ್ತಿತ್ತು. ನಾನು ಟೀ ಮಾಡುತ್ತೇನೆಂದು ಅಡುಗೆಮನೆಗೆ ಹೋದೆ. ನೀರು ಕುದಿಯಿತು, ಹಾಲು ಹಾಕಿದೆ, ಪುಡಿ ಬಿಸ್ಕತ್ತಿನ ಡಬ್ಬಿಯಿಂದಲೇ ತೆಗೆದೆ, ಆ ಮಟ್ಟಿಗೆ ಪಳಗಿದ್ದೇನೆ. ಆದರೆ ಟೀ ಸೋಸುವ ಜರಡಿ ಸಿಗಲಿಲ್ಲ. ಕೇಳೋಣವೆಂದರೆ ಅತ್ತೆಯವರು ಪಕ್ಕದ ಮನೆಗೆ ಹೋಗಿದ್ದರು. ಇವರನ್ನು ಕೇಳುವ ಮನಸ್ಸಾಗಲಿಲ್ಲ. ಡ್ರಾಯರು ಎಳೆದೆ, ಕಪಾಟು ತೆರೆದೆ, ಟೀ ಉಕ್ಕಿ ಒಲೆ ಆರಿಹೋಯಿತು. ವಾಸನೆಗೆ ಎದ್ದು ಬಂದ ನಮ್ಮವರು ಬಾಗಿಲಲ್ಲಿ ನಿಂತು ಏನು ಹುಡುಕುತ್ತಿದ್ದೀಯ ಎಂದರು. ಅಳಬಾರದೆಂದುಕೊಂಡೇ ಹೇಳಿದೆ:

"ಹುಟ್ಟು. ನೀವು ಬೆಳಿಗ್ಗೆಯಿಂದ ಹುಡುಕ್ತಾ ಇದ್ದೀರ. ನಾನು ಈ ಮನೆಗೆ ಬಂದಾಗಿನಿಂದ ಹುಡುಕ್ತಾ ಇದ್ದೀನಿ."

ಅವರು ಒಳಗೆ ಬಂದು ಒಲೆಯ ಗ್ಯಾಸು ನಿಲ್ಲಿಸಿ, ಸೋಸದ ಟೀ ನೋಡಿದರು. ಆಮೇಲೆ, ಜರಡಿ ತಾನೇ, ಅಲ್ಲೇ ಎಂದು ಕೈ ಚಾಚಿದವರು ವಾಕ್ಯ ಮುಗಿಸಲಿಲ್ಲ, ಏಕೆಂದರೆ ಕೈ ಚಾಚಿದ ಕಡೆ ಜರಡಿ ಇರಲಿಲ್ಲ. ಮೇಲಿನ ಕಪಾಟು ನೋಡಿದರು, ಅಲ್ಲೂ ಇಲ್ಲ. ಮಾವನವರನ್ನು ಕೂಗಿ ಕೇಳಿದರು, ಅವರು ಕೋಣೆಯಿಂದಲೇ ಅಲ್ಲೇ ಇದೆ ನೋಡೋ ಎಂದರು. ಎಲ್ಲಿ ಎಂದು ಕೇಳಿದಾಗ ಪೇಪರ್ ಮಗುಚುವ ಸದ್ದು ಬಂತು. ಆಗ ನನಗೆ ಗೊತ್ತಾದ ಸತ್ಯವನ್ನು ತಮ್ಮಂಥ ಕಲಸುಪಂಡಿತರೂ ಊಹಿಸಿರಲಾರಿರಿ. ಈ ಮನೆಯ ಗಂಡಸರಿಗೆ ಯಾವುದು ಎಲ್ಲಿದೆಯೆಂದು ಯಾವತ್ತೂ ಗೊತ್ತಿರಲೇ ಇಲ್ಲ. ಅವರು ಹೇಳುತ್ತಿದ್ದದ್ದು ಮಾಹಿತಿಯಲ್ಲ, ಬರೀ ನಂಬಿಕೆ. ಎಲ್ಲಿದೆಯೋ ಅಲ್ಲಿಂದ ಅತ್ತೆಯವರು ಅದನ್ನು ತಂದು ಅವರ ಕೈಗಿಡುತ್ತಿದ್ದರು, ಅಷ್ಟೇ.

ಇಬ್ಬರೂ ನೆಲದ ಮೇಲೆ ಕೂತು ಡಬ್ಬಿಗಳನ್ನು ಒಂದೊಂದಾಗಿ ಇಳಿಸಿ ತೆರೆದೆವು. ಸಕ್ಕರೆ ಎಂದು ಬರೆದಿದ್ದರಲ್ಲಿ ಅಂಗಿಯ ಗುಂಡಿಗಳಿದ್ದವು. ಬಿಸ್ಕತ್ತು ಕೊನೆಗೂ ಸಿಕ್ಕಿತು, ಹಳೆಯ ಕುಕ್ಕರಿನೊಳಗೆ, ಜರಡಿಯ ಜೊತೆಗೇ. ಒಂದೊಂದು ಮುಚ್ಚಳ ತೆಗೆಯುವಾಗಲೂ ನಮ್ಮವರು, ಇದರಲ್ಲಿ ಕೋಳಿ ಇಲ್ಲ ತಾನೇ ಎನ್ನುತ್ತಿದ್ದರು, ನನಗೆ ಮುನಿಸನ್ನು ಹಿಡಿದಿಟ್ಟುಕೊಳ್ಳುವುದು ಕಷ್ಟವಾಯಿತು. ಅಷ್ಟರಲ್ಲಿ ಅತ್ತೆಯವರು ಬಂದರು. ನಡುನೆಲದಲ್ಲಿ ಹರಡಿದ ತಮ್ಮ ಸಂಸಾರವನ್ನೂ ಅದರ ಮಧ್ಯೆ ಬಿಸ್ಕತ್ತು ತಿನ್ನುತ್ತಿದ್ದ ನಮ್ಮನ್ನೂ ನೋಡಿ ಅವರು ನಿಂತಲ್ಲೇ ನಿಂತರು. ಬೈಯುತ್ತಾರೆಂದುಕೊಂಡರೆ ಅವರು ಸ್ಟೂಲು ಎಳೆದುಕೊಂಡು ಕೂತು, ನನ್ನನ್ನಲ್ಲ, ಆ ಡಬ್ಬಿಗಳನ್ನು ನೋಡುತ್ತ ಹೇಳಿದರು:

"ನಾನು ಬಂದಾಗಲೂ ಇಲ್ಲಿ ಒಂದೂ ಕೈಗೆ ಸಿಗ್ತಿರಲಿಲ್ಲಮ್ಮ. ಇದೆಲ್ಲ ನಮ್ಮತ್ತೆ ಇಟ್ಟಿದ್ದು. ಹೇಗಿತ್ತೋ ಹಾಗೇ ಇರ್ಲಿ ಅಂತ ಬಿಟ್ಟೆ. ಯಾಕೆ ಬಿಟ್ಟೆನೋ."

ಅಂದರೆ, ಮಾನ್ಯರೇ, ತಮಗಿಂತ ಬಹಳ ಮುಂಚೆಯೇ, ಕಂಪ್ಯೂಟರಿಲ್ಲದೆ, ಒಂದು ಚೌಕಕ್ಕೂ ಟಿಕ್ ಹಾಕದೆ, ನಮ್ಮವರ ಅಜ್ಜಿ ಈ ಅಡುಗೆಮನೆಯನ್ನು ಕಲಸಿಟ್ಟು ಹೋಗಿದ್ದರು. ಅತ್ತೆಯವರು ಅದನ್ನು ಆಡಿ ಆಡಿ ಬಾಯಿಪಾಠ ಮಾಡಿದ್ದರು. ಆ ಸಂಜೆ ನಾವು ಮೂವರೂ ಸೇರಿ ಉಪ್ಪನ್ನು ಉಪ್ಪಿನ ಡಬ್ಬಿಗೆ ಹಾಕಿದೆವು. ಸಣ್ಣ ವಿಷಯವೆಂದು ತಮಗೆ ಅನಿಸಬಹುದು. ಅತ್ತೆಯವರು ಮಾತ್ರ ಆ ಡಬ್ಬಿಯ ಮುಚ್ಚಳವನ್ನು ಮತ್ತೆ ಮತ್ತೆ ತೆಗೆದು ನೋಡುತ್ತಿದ್ದರು.

ಇನ್ನು ದೂರಿಗೆ ಬರುತ್ತೇನೆ. ಲೋಕದ ಎಲ್ಲ ಮೂಲೆಗಳನ್ನೂ ಜಾಲಾಡಿದ ಮೇಲೆ ನಮ್ಮವರು ಲೆಕ್ಕ ಹಾಕಿ ಹೇಳಿದರು: ನೋಡದೆ ಉಳಿದಿರುವುದು ದ್ವೀಪ ಒಂದೇ, ಆದ್ದರಿಂದ ಹುಟ್ಟು ಇರುವುದು ದ್ವೀಪದಲ್ಲಿ. ದ್ವೀಪಕ್ಕೆ ಹೋಗಲು ದೋಣಿ ಬೇಕು, ದೋಣಿಗೆ ಹುಟ್ಟು ಬೇಕು. ತಮ್ಮ ಪಕ್ಷಪಾತವಿಲ್ಲದ ಬುದ್ಧಿಗೆ ಕೈಮುಗಿಯುತ್ತೇನೆ. ಇದಕ್ಕೆ ಪರಿಹಾರವಾಗಿ ತಾವು ಈ ಕೆಳಗಿನ ಉಪಕಾರಗಳನ್ನು ಮಾಡಬೇಕೆಂದು ಕೋರಿಕೆ. ನಮ್ಮ ನಡುಮನೆಯ ಸ್ವಿಚ್ಚುಗಳನ್ನು ಇನ್ನೊಮ್ಮೆ ಕಲಸಿ, ಆಕಸ್ಮಿಕವಾಗಿಯಾದರೂ ಒಂದು ಸರಿಹೋದೀತು. ನೆಂಟರು ನನ್ನ ಹೊಟ್ಟೆ ನೋಡುತ್ತ, ವಿಶೇಷ ಏನೂ ಇಲ್ವಾ ಎಂದು ಕೇಳುವ ಪ್ರಶ್ನೆಯನ್ನು ನಾನಿಲ್ಲದ ಯಾವುದಾದರೂ ಗುಹೆಯ ತಳದ ಪೆಟ್ಟಿಗೆಯಲ್ಲಿಟ್ಟು ಕೀಲಿಯನ್ನು ತಾವೇ ನುಂಗಿಬಿಡಿ. ಆ ಕೋಳಿಗೆ ಕೊಟ್ಟ ಶಕ್ತಿಯಲ್ಲಿ ಒಂದು ಚಮಚದಷ್ಟನ್ನು ತಿಂಗಳಿಗೊಮ್ಮೆ ಶಿಶುವಿಹಾರದ ಪೋಷಕರ ಸಭೆಯ ದಿನ ನನಗೆ ಕೊಡಿಸಿ.

ಒಂದನ್ನು ಮಾತ್ರ ಮಾಡಬೇಡಿ. ಹುಟ್ಟನ್ನು ದ್ವೀಪದಿಂದ ತೆಗೆಯಬೇಡಿ. ಆ ಕೊನೆಯ ಚೌಕದ ಟಿಕ್ ತೆಗೆದು ಹೊಸದಾಗಿ ಶುರುಮಾಡೋಣವೇ ಎಂದು ನಾನು ಕೇಳಿದಾಗ ನಮ್ಮವರು ಕಂಟ್ರೋಲರನ್ನು ನನ್ನ ಕೈಗಿಟ್ಟು, ಬೇಡ, ಇದರಲ್ಲಿ ಇಬ್ಬರಿಗೂ ಏನೂ ಗೊತ್ತಿಲ್ಲ, ಎಷ್ಟು ಚೆನ್ನಾಗಿದೆ ಎಂದರು. ಈಗ ನಾವು ಸಂಜೆ ಹೊತ್ತು ಆ ದಡದಲ್ಲಿ ದೀಪಗಾರನನ್ನು ನಿಲ್ಲಿಸಿ, ಎಲ್ಲಿಗೆ ಹೋಗಬಹುದೆಂದು ಮಾತಾಡುತ್ತ ಕೂರುತ್ತೇವೆ, ಎಲ್ಲಿಗೂ ಹೋಗುವುದಿಲ್ಲ.

ಇಷ್ಟು ತೊಂದರೆ ಕೊಟ್ಟರೂ ಬೈಯಲು ಮನಸ್ಸು ಬಾರದ,
ತಮ್ಮ ವಿಶ್ವಾಸಿ,
ದೀಪಗಾರನ ಪಾಲುದಾರಳು

ವಿ.ಸೂ.: ತಾವು ಮನುಷ್ಯರ ಮೇಲೂ ಕೆಲಸ ಮಾಡುತ್ತೀರಾ ಎಂದು ಅತ್ತೆಯವರು ವಿಚಾರಿಸಿದ್ದಾರೆ. ಮಾವನವರು ಮದುವೆಯಾದಾಗಿನಿಂದ ಊಟಕ್ಕೆ ಕೂತಾಗಲೆಲ್ಲ ತಮ್ಮ ರೈಲು ತಪ್ಪಿದ ಕಥೆಯನ್ನು ಹೇಳುತ್ತಾರಂತೆ. ಒಂದು ಸಲವಾದರೂ ಅವರು ಆ ರೈಲು ಹತ್ತಿ ಹೋಗಿಬಿಡುವಂತೆ ಮಾಡಲು ಸಾಧ್ಯವಿದ್ದರೆ ದಯವಿಟ್ಟು ತಿಳಿಸಬೇಕು, ಬುತ್ತಿ ಕಟ್ಟಿಕೊಡಲು ಅತ್ತೆಯವರು ತಯಾರಿದ್ದಾರೆ.