ಚಂದ್ರನ ಸಿಪ್ಪೆ ಹಾಕಿದ ಶೇಂಗಾ ಚಟ್ನಿ

ಬೀಗತಿಯನ್ನು ಒಪ್ಪಿಸುವುದು ನನಗೆ ನೀರು ಕುಡಿದಷ್ಟು ಸುಲಭ ಎಂದು ನಾನು ನಂಬಿದ್ದೆ. ಕೊರ್ಲಿಮ್‌ನ ಕಾರ್ಖಾನೆಯಲ್ಲಿ ದುಡಿಯುವಾಗ ಎಂತೆಂಥ ಸೂಪರ್‌ವೈಜರುಗಳನ್ನು ಮಾತಿನಲ್ಲೇ ಒಲಿಸಿದವನು ನಾನು. ಸಾವರ್ಡೆಯ ಕಲ್ಲವ್ವ ಯಾವ ಲೆಕ್ಕ!

ಸಂಗತಿ ಇಷ್ಟೇ. ಮಗಳು ಸುಮಿತ್ರಾಳ ಕುಬಸ, ಅಂದರೆ ಸೀಮಂತ, ಹತ್ತಿರ ಬಂದಿತ್ತು. ಬುತ್ತಿ ಹೊತ್ತು ಬೀಗರ ಮನೆಗೆ ಹೋಗಿ, ಬಸುರಿಗೆ ಹಸಿರು ಸೀರೆ ಉಡಿಸಿ, ಚೊಚ್ಚಲ ಹೆರಿಗೆಗೆ ಉಸಗಾಂವದ ನಮ್ಮ ಮನೆಗೆ ಕರೆತರುವುದು ನಮ್ಮ ಪದ್ಧತಿ. ಆದರೆ ಅವಳ ಅತ್ತೆ ಕಲ್ಲವ್ವ, "ನಿಮ್ಮ ಎರಡ ಖೋಲಿ ಮನ್ಯಾಗ ಬಾಣಂತಿ ಎಲ್ಲಿ ಮಲಗಬೇಕ್ರಿ? ನಾ ಕಳಸಂಗಿಲ್ಲ" ಎಂದು ಹಟ ಹಿಡಿದಿದ್ದರು. ಎಷ್ಟೋ ದಿನದಿಂದ ತವರಿನ ದಾರಿ ಕಾಯುತ್ತಿದ್ದ ಮಗಳು ಫೋನಿನಲ್ಲಿ ಅತ್ತಳು. ನನ್ನ ಹೆಂಡತಿ ಗಂಗವ್ವ ಊಟ ಬಿಟ್ಟಳು. ನಾನು ಮಾತ್ರ ಧೈರ್ಯವಾಗಿ ಕತೆ ಹೇಳುತ್ತ ಕುಳಿತೆ.

ಕತೆ ಕೇಳುವವಳು ನನ್ನ ಮೊಮ್ಮಗಳು ರತ್ನಿ, ಮಗನ ಮಗಳು. ಅವಳಿಗಾಗಿ ನಾನೊಂದು ಲೋಕವನ್ನೇ ಕಟ್ಟಿದ್ದೆ. ಅಲ್ಲಿ ಎಲ್ಲರೂ ಎಲ್ಲದಕ್ಕೂ "ಒಲ್ಲೆ" ಅನ್ನುವವರೇ. ರಾಜ ಒಲ್ಲೆ, ರಾಣಿ ಒಲ್ಲೆ, ಕುದುರೆ ಕೂಡ ಒಲ್ಲೆ! ಹೀಗಾಗಿ ರಾಜ್ಯದ ಕೆಲಸವೆಲ್ಲ ನಿಂತುಹೋಯಿತು. ಕಡೆಗೆ ಒಬ್ಬ ಅಡುಗೆಯವಳು, ಹುಣ್ಣಿಮೆಯ ನಂತರ ಚಂದ್ರ ಸಣ್ಣಗಾಗುವಾಗ ಉದುರುವ ಸಿಪ್ಪೆಯನ್ನು ಗುಡ್ಡದ ಮೇಲಿಂದ ಆಯ್ದು ತಂದು, ಒಣಗಿಸಿ, ಕುಟ್ಟಿ ಸಾರಿಗೆ ಹಾಕಿದಳು. ಉಂಡವರೆಲ್ಲ ಏನು ಕೇಳಿದರೂ ಗೋಣು ಹಾಕತೊಡಗಿದರು.

"ಅಜ್ಜಾ, ಆ ಪುಡಿ ನಮ್ಮ ಮನ್ಯಾಗ ಐತೇನು?" ಎಂದಳು ರತ್ನಿ.

ಇಲ್ಲ ಎನ್ನಬೇಕಿತ್ತು. "ಐತಲ್ಲ!" ಎಂದೆ. ಕಲ್ಲುಸಕ್ಕರೆ ಕುಟ್ಟಿ ಕಾಗದದಲ್ಲಿ ಕಟ್ಟಿ ತೋರಿಸಿದೆ. ಅವಳ ಕಣ್ಣುಗಳು ಅರಳಿದವು.

"ಹಂಗಾರ ಸಾವರ್ಡೆ ಅಜ್ಜಿಗೆ ಹಾಕು! ಸುಮಿತ್ರಾ ಅತ್ತಿ ಬರ್ತಾಳ."

ಮಗುವಿನ ಮನಸ್ಸು ಯಾಕೆ ಮುರಿಯಬೇಕು? ಬುತ್ತಿಯ ಶೇಂಗಾ ಚಟ್ನಿಗೆ ಹೇಗೂ ಬೆಲ್ಲ ಬೀಳುತ್ತದೆ, ಚೂರು ಸಕ್ಕರೆ ಬಿದ್ದರೆ ಆಕಾಶ ಕಳಚಿ ಬೀಳುವುದಿಲ್ಲ. ಗಂಗವ್ವ ನೀರಿಗೆ ಹೋದಾಗ ಚಟ್ನಿ ಡಬ್ಬಿ ತೆಗೆದು ಪುಡಿ ಸುರಿದೆ. ಮೇಲೆ ಚಮಚದಿಂದ ಕಲಸಿದೆ ಕೂಡ. ಮಾಡುವ ಕೆಲಸ ಅಚ್ಚುಕಟ್ಟಾಗಿರಬೇಕು!

ಸಾವರ್ಡೆಯಲ್ಲಿ ಕುಬಸ ಚಂದವಾಗಿ ನಡೆಯಿತು. ಮಧ್ಯಾಹ್ನ ಪಂಕ್ತಿ ಕೂತಿತು. ಕಲ್ಲವ್ವ ಕಡಕ್ ರೊಟ್ಟಿ ಮುರಿದು, ಚಟ್ನಿಗೆ ಎಣ್ಣೆ ಹಾಕಿ ಕಲಸಿ, ತುತ್ತು ಬಾಯಿಗಿಟ್ಟರು.

"ಚಟ್ನಿ ಭಾಳ ಚಲೋ ಆಗೇತ್ರಿ ಗಂಗಕ್ಕಾ."

ರತ್ನಿ ಎದ್ದು ನಿಂತು ಚಪ್ಪಾಳೆ ತಟ್ಟಿದಳು. "ಅದರಾಗ ಅಜ್ಜ ಪುಡಿ ಹಾಕ್ಯಾನ! ಇನ್ನ ಅಜ್ಜ ಹೇಳಿದ್ದಕ್ಕೆಲ್ಲಾ ನೀವು ಗೋಣ ಹಾಕ್ತೀರಿ!"

ಪಂಕ್ತಿಯವರೆಲ್ಲ ನನ್ನ ಕಡೆ ತಿರುಗಿದರು.

"ಮದ್ದ ಹಾಕೀರಾ?" ಕಲ್ಲವ್ವನ ಕೈಯಿಂದ ರೊಟ್ಟಿ ಬಿತ್ತು. "ಬೀಗರ, ನನಗ ಮದ್ದ ಹಾಕೀರಾ?"

ನಮ್ಮ ಕಡೆ ಒಬ್ಬರ ಊಟದಲ್ಲಿ ವಶೀಕರಣದ ಮದ್ದು ಹಾಕಿದರು ಎಂದರೆ ಸಂಬಂಧ ಮುಗಿದಂತೆಯೇ. ಅಕ್ಕಪಕ್ಕದವರು ಎಲೆಯನ್ನು ಮೆಲ್ಲಗೆ ದೂರ ಸರಿಸಿದರು.

"ಅದು ಬರೇ ಕಲ್ಲಸಕ್ರಿರಿ, ಅಕ್ಕಾರ!"

"ಸಕ್ರಿ ಆಗಿದ್ರ ಕದ್ದ ಯಾಕ ಹಾಕಿದ್ರಿ?"

ನಾನು ಎದೆಗುಂದಲಿಲ್ಲ. "ನೋಡ್ರಿ, ನಾನೇ ತಿಂತೀನಿ!" ಎಂದು ಒಣ ಚಟ್ನಿಪುಡಿಯನ್ನು ಮುಷ್ಟಿ ತುಂಬ ಬಾಯಿಗೆ ಸುರಿದುಕೊಂಡೆ.

ಅದು ನೇರವಾಗಿ ಗಂಟಲಲ್ಲಿ ಕೂತಿತು. ಖೊಕ್ ಖೊಕ್ ಕೆಮ್ಮು! ಒಂದೊಂದು ಕೆಮ್ಮಿಗೂ ತಲೆ ಮೇಲೆ ಕೆಳಗೆ ಹಾರತೊಡಗಿತು.

"ನನ್ನ ವಶ ಮಾಡ್ಕೊಳ್ಳಾಕ ಹಾಕಿದ್ದು ಹೌದಿಲ್ಲೊ?" ಎಂದರು ಕಲ್ಲವ್ವ.

ನನ್ನ ತಲೆ ಆಡಿತು.

"ಹಂಗಾರ ಸೊಸಿ ಇಲ್ಲೇ ಇರ್ಲಿ?"

ತಲೆ ಇನ್ನೂ ಜೋರಾಗಿ ಆಡಿತು!

"ಪುಡಿ ಕೆಲಸ ಮಾಡಾಕತ್ತೈತಿ!" ಎಂದು ರತ್ನಿ ಕುಣಿದಳು. ಹಸಿರು ಸೀರೆಯಲ್ಲಿ ಕೂತಿದ್ದ ಸುಮಿತ್ರಾ ಸೆರಗಿನಿಂದ ಕಣ್ಣೊರೆಸಿಕೊಂಡಳು. ಅದನ್ನು ಕಂಡು, ಹಾಗಲ್ಲ ಎಂದು ಕೈ ಆಡಿಸಿದೆ. ಆದರೆ ತಲೆ ನಿಲ್ಲಲಿಲ್ಲ.

ಆಗ ಗಂಗವ್ವ ನನ್ನ ಬೆನ್ನಿಗೆ ಒಂದು ಗುದ್ದು ಕೊಟ್ಟು, ನೀರು ಕುಡಿಸಿ, ಬೀಗತಿಯ ಕಡೆ ತಿರುಗಿದಳು.

"ಅಕ್ಕಾರ, ಮದ್ದ ಹಾಕಾಕ ಬುದ್ಧಿ ಬೇಕ್ರಿ. ಇವ್ರಿಗೆ ಚಾಕ್ಕ ಸಕ್ರಿ ಹಾಕಂದ್ರ ಉಪ್ಪ ಹಾಕ್ತಾರ. ಕೂಸಿಗೆ ಕಥಿ ಹೇಳಿ ಹೇಳಿ ತಾವೂ ಅದನ್ನ ನಂಬ್ಯಾರ. ಇಂಥವರ ಕೂಡ ನಾ ಬಾಳೆ ಮಾಡಾಕತ್ತೇನಿ. ನನ್ನ ಮಾರಿ ನೋಡ್ಯರ ಮಗಳನ್ನ ಕಳಸ್ರಿ."

ಕಲ್ಲವ್ವ ನನ್ನನ್ನು ಅಡಿಯಿಂದ ಮುಡಿಯವರೆಗೆ ನೋಡಿದರು. ಮೀಸೆಯ ತುಂಬ ಶೇಂಗಾ ಪುಡಿ, ಕಣ್ಣಲ್ಲಿ ನೀರು. ಮೊದಲು ಅವರ ತುಟಿ ಅದುರಿತು, ಆಮೇಲೆ ಹೊಟ್ಟೆ. ಇಡೀ ಪಂಕ್ತಿಯೇ ನಕ್ಕಿತು. ಆ ನಗುವಿನಲ್ಲಿ ಎಲ್ಲಕ್ಕಿಂತ ಜೋರಿನದು ನನ್ನ ಮಗಳದು.

"ಆತು, ಕಳಸ್ತೀನಿ," ಎಂದರು ಕಲ್ಲವ್ವ ಕಣ್ಣೊರೆಸಿಕೊಳ್ಳುತ್ತ. "ಆದ್ರ ಎರಡ ಖೋಲ್ಯಾಗ ಜಾಗಾ ಆಗಬೇಕಲ್ರಿ? ಬೀಗರು ಬಾಣಂತನ ಮುಗಿಯೂತನಕ ನಮ್ಮ ಮನ್ಯಾಗ..."

"ಇಟಗೋರಿ!" ಎಂದಳು ಗಂಗವ್ವ. ಬೀಗತಿಯ ಮಾತು ಮುಗಿಯುವವರೆಗೂ ಕಾಯಲಿಲ್ಲ. ನನ್ನನ್ನು ಯಾರೂ ಕೇಳಲಿಲ್ಲ.

ಅಂದು ಸಂಜೆ ಮಗಳು, ಹೆಂಡತಿ, ಮೊಮ್ಮಗಳು ಟೆಂಪೋ ಹತ್ತಿ ಉಸಗಾಂವಕ್ಕೆ ಹೋದರು. ನಾನು ಸಾವರ್ಡೆಯ ಬಾಗಿಲಲ್ಲಿ ನಿಂತು ಕೈ ಬೀಸಿದೆ. ಎಲ್ಲರ ಮನೆಯಲ್ಲೂ ಕುಬಸವಾದ ಮೇಲೆ ಹೆಣ್ಣು ತವರಿಗೆ ಹೋಗುತ್ತದೆ. ನಮ್ಮ ಮನೆಯಲ್ಲಿ ಮಾತ್ರ ಮುದುಕನನ್ನೂ ಹೊಸ ಸೊಸೆಯಂತೆ ಬೀಗರ ಮನೆಗೆ ಒಪ್ಪಿಸಿ ಕೊಟ್ಟರು!