ಹುಂಜನ ಕಣ್ಣಿಂದ

ಗೆದ್ದದ್ದೇನೂ ತಪ್ಪಲ್ಲ. ಗೆದ್ದದ್ದನ್ನು ಮತ್ತೆ ಮತ್ತೆ ನೋಡಿದ್ದೇ ತಪ್ಪಾಯಿತು.

ಅಜ್ಜಿಯರು ಹೇಳುವ ಕತೆಗಳಲ್ಲಿ ಈ ತೊಂದರೆ ಇಲ್ಲ. ಏಳು ಹೆಡೆಯ ಸರ್ಪವನ್ನು ಕೊಂದು ಬಂದೆ ಎಂದು ರಾಜಕುಮಾರ ಹೇಳಿದರೆ ಮುಗಿಯಿತು. ರಾಜ ಮಗಳನ್ನೂ ಕೊಟ್ಟ, ಅರ್ಧ ರಾಜ್ಯವನ್ನೂ ಕೊಟ್ಟ. ‘ಎಲ್ಲಿ, ಇನ್ನೊಂದು ಸಲ ತೋರಿಸು, ಈ ಸಲ ಸರ್ಪದ ಕಡೆಯಿಂದ ನೋಡೋಣ’ ಎಂದು ಯಾವ ರಾಜನೂ ಕೇಳಿದ್ದಿಲ್ಲ. ಆದರೆ ನಿಧಾನಣ್ಣ ಗೆದ್ದದ್ದು ಫೋನಿನೊಳಗಿನ ಯುದ್ಧ. ಅಲ್ಲಿ ಆಡಿದ ಪ್ರತಿ ಮ್ಯಾಚೂ ತನ್ನಷ್ಟಕ್ಕೆ ರೆಕಾರ್ಡ್ ಆಗಿ ಕೂತಿರುತ್ತದೆ. ಬೇಕೆಂದಾಗ ತೆಗೆದು ನೋಡಬಹುದು, ಬೇಕಾದವರಿಗೆ ತೋರಿಸಬಹುದು.

ಕನ್ನಡಕದ ಅಂಗಡಿಯ ಹಿಂಕೋಣೆಯಲ್ಲಿ ಗಾಜು ಉಜ್ಜಿ ಫ್ರೇಮಿಗೆ ಕೂರಿಸುವುದು ನಿಧಾನಣ್ಣನ ಕೆಲಸ. ಹೆತ್ತವರಿಟ್ಟ ಹೆಸರು ಬೇರೆ ಇತ್ತು. ‘ಅವನು ಒಂದು ಸ್ಕ್ರೂ ತಿರುಗಿಸೋಷ್ಟರಲ್ಲಿ ಗಿರಾಕಿ ಕಣ್ಣಿನ ಪವರೇ ಬದಲಾಗಿರತ್ತೆ’ ಎಂದು ಯಾರೋ ಆಡಿಕೊಂಡ ಮೇಲೆ ಅದನ್ನು ಎಲ್ಲರೂ ಮರೆತರು.

ಆಟದಲ್ಲಿ ಮಾತ್ರ ಅವನು ‘ಸಿಡಿಲಮರಿ’. ಆಟವೇನೋ ಸುಲಭದ್ದೇ. ಇಬ್ಬರು ಆಟಗಾರರು, ಎರಡು ಕೋಟೆ, ಒಂದೊಂದು ಕೋಟೆಯ ನೆತ್ತಿಯಲ್ಲಿ ಒಂದೊಂದು ದೀಪ. ಎದುರಾಳಿಯ ಬಾಣಗಳಿಂದ ತಪ್ಪಿಸಿಕೊಂಡು ಹೋಗಿ ಅವನ ದೀಪ ಆರಿಸಿದವನು ಗೆದ್ದ. ರಾಕ್ಷಸನ ಜೀವ ಗಿಳಿಯೊಳಗೆ ಇರುವಂತೆ ನಮ್ಮ ಸಿಡಿಲಮರಿಯ ಮಾನವೆಲ್ಲ ಆ ದೀಪದೊಳಗೆ ಇತ್ತು. ಅದನ್ನು ಊರಿನ ಯಾರು ಯಾರೋ ಬಂದು ದಿನವೂ ಉಫ್ ಎಂದು ಊದಿ ಹೋಗುತ್ತಿದ್ದರು. ನಿನ್ನೆ ಸಂಜೆ ಎದುರಿಗೆ ಬಂದವನಂತೂ ‘ಉಕ್ಕಿನ ಹುಂಜ’. ಊರಿನ ಪಟ್ಟಿಯಲ್ಲಿ ಎಲ್ಲರಿಗಿಂತ ಮೇಲಿರುವವನು, ಸೋತದ್ದನ್ನು ಯಾರೂ ಕಂಡಿಲ್ಲದವನು. ಅಂಥ ಹುಂಜನ ದೀಪವನ್ನು ನಿಧಾನಣ್ಣ ಆರಿಸಿಬಿಟ್ಟಿದ್ದ!

ಬೆಳಿಗ್ಗೆ ಬಾಯಲ್ಲಿ ಬ್ರಷ್ಷು, ಕೈಯಲ್ಲಿ ಫೋನು ಹಿಡಿದು ನಿಂತವನನ್ನು ನೋಡಿ ಹೆಂಡತಿ ಸೊಂಟಕ್ಕೆ ಕೈಯಿಟ್ಟಳು.

“ಅಲ್ಲಾ ರೀ, ನಿನ್ನೆಯಿಂದ ಅದನ್ನೇ ನೋಡ್ತಿದ್ದೀರಲ್ಲ, ಈ ಸಲ ಎಲ್ಲಿ ಸೋತುಬಿಡ್ತೀನೋ ಅಂತ ಭಯಾನಾ?”

“ನಿಂಗೇನು ಗೊತ್ತು? ನೋಡಿಲ್ಲಿ, ಈ ಬಾಣ ತಪ್ಪಿಸ್ಕೊಂಡೆ. ಇಗೋ, ಇದನ್ನೂ ತಪ್ಪಿಸ್ಕೊಂಡೆ.”

“ತಪ್ಪಿಸ್ಕೊಳ್ಳೋದ್ರಲ್ಲಿ ನಿಮ್ಮನ್ನ ಮೀರಿಸೋರುಂಟಾ? ಮನೆ ಕೆಲಸ ಬಂದಾಗ ನೋಡಿಲ್ವಾ ನಾನು?” ಎಂದಳು. ಆಮೇಲೆ ಅವನ ಅಂಗಿಯ ಕಾಲರು ಸರಿಪಡಿಸುತ್ತ ದನಿ ಇಳಿಸಿದಳು. “ಕುರ್ಚಿ ವಿಷಯ ಇವತ್ತೇ ತಾನೇ ಹೇಳೋದು? ಗೋಡೆ ಹಾಗೆ ನಿಂತ್ಕೋಬೇಡಿ. ಬಾಯಿ ಬಿಟ್ಟು ಕೇಳಿ.”

ಕುರ್ಚಿ ಅಂದರೆ ಹಿಂಕೋಣೆಯ ಕಿಟಕಿ ಪಕ್ಕದ ಕುರ್ಚಿ. ಅಲ್ಲಿ ಕೂರುವವನೇ ಕೋಣೆಗೆ ಮೇಸ್ತ್ರಿ. ಮುದುಕ ಮೇಸ್ತ್ರಿ ಕೆಲಸ ಬಿಟ್ಟ ಮೇಲೆ ಅದು ಖಾಲಿ ಬಿದ್ದಿತ್ತು. ಅದರ ಮೇಲೆ ಇಬ್ಬರ ಕಣ್ಣು. ಒಬ್ಬ ನಿಧಾನಣ್ಣ, ಇನ್ನೊಬ್ಬ ಅವನಿಗಿಂತ ಹತ್ತು ವರ್ಷ ಚಿಕ್ಕವನಾದ ಜೊತೆಕೆಲಸಗಾರ, ‘ಚುರುಕ’ ಎಂದೇ ಹೆಸರಾದವನು. “ನಿನ್ನ ಕೆಲಸ ಚೊಕ್ಕ ಕಣಯ್ಯ. ಆದ್ರೆ ಕೈ ಚುರುಕಿಲ್ವಲ್ಲ” ಎಂದು ಯಜಮಾನರು ಹಿಂದಿನ ವಾರ ಹೇಳಿದ್ದು ನಿಧಾನಣ್ಣನ ಎದೆಯಲ್ಲಿ ಮೀನಿನ ಮುಳ್ಳಿನಂತೆ ಸಿಕ್ಕಿಕೊಂಡಿತ್ತು. ಅದಕ್ಕೇ ನಿನ್ನೆ ಅವನು ಹುಟ್ಟಿದ ಮೇಲೆ ಮೊದಲ ಸಲ ಅವಸರ ಮಾಡಿದ್ದ. ಮಧ್ಯಾಹ್ನದ ಕನ್ನಡಕಗಳನ್ನೆಲ್ಲ ತಾನೇ ಎಳೆದುಕೊಂಡು, ಚುರುಕ ಕೈ ತೊಳೆದು ಬರುವಷ್ಟರಲ್ಲಿ ಮುಗಿಸಿ, ಹೊತ್ತಿಗೆ ಮುಂಚೆ ಮನೆ ಸೇರಿ, ಅದೇ ಹುರುಪಿನಲ್ಲಿ ಹುಂಜನನ್ನೂ ಸೋಲಿಸಿದ್ದ. ಒಂದೇ ದಿನ ಎರಡು ಗೆಲುವು! ಬೀದಿಯಲ್ಲಿ ನಡೆಯುವಾಗ ಅವನಿಗೆ ಚಪ್ಪಲಿ ನೆಲಕ್ಕೆ ತಾಗುತ್ತಿರಲಿಲ್ಲ.

ಚಪ್ಪಲಿ ಅಂಗಡಿ ಮಾಮ ಎದುರಾದರು. ಮುಖ ಬೆಂದ ಬದನೆಕಾಯಿಯಾಗಿತ್ತು.

“ಮಾಮ, ಒಂದು ಯುದ್ಧ ತೋರಿಸ್ಲಾ?”

“ನನ್ಮನೇಲೇ ನಡೀತಿದೆ, ಬಂದು ನೋಡು. ಭಾವಮೈದುನನ್ನ ರೈಲು ಹತ್ತಿಸೋಕೆ ಹೋಗಿದ್ದೆ ಕಣಯ್ಯ. ರೈಲು ಬರೋದು ಮೂರನೇ ಪ್ಲಾಟ್‌ಫಾರಮ್ಮು. ಮೈಕಲ್ಲಿ ಕೂತ ಮಹಾತಾಯಿ ಎಂಟಕ್ಕೆ ಬರತ್ತೆ ಅಂದ್ಲು. ಅವನ ಪೆಟ್ಟಿಗೆ ನಾನು ಹೊತ್ಕೊಂಡು ಸೇತುವೆ ಹತ್ತಿ ಇಳಿಯೋಷ್ಟರಲ್ಲಿ ರೈಲು ಹೋಯ್ತು, ಭಾವಮೈದುನ ಉಳ್ಕೊಂಡ. ಇನ್ನೊಂದು ವಾರ ಹೋಗಲ್ವಂತೆ!”

ನಿಧಾನಣ್ಣ ಅಯ್ಯೋ ಪಾಪ ಅಂದು ಮುಗಿಸಿ ಫೋನು ಮುಂದೆ ಹಿಡಿದ. ಮಾಮ ಕಣ್ಣು ಕಿರಿದು ಮಾಡಿ ನೋಡಿದರು.

“ಇದ್ರಲ್ಲಿ ನೀನ್ಯಾರು? ಹೊಡೆಯೋನಾ, ಓಡೋನಾ?”

“ಗೆಲ್ಲೋನು ಮಾಮ, ಗೆಲ್ಲೋನು!”

“ಇಷ್ಟು ಸಣ್ಣದ್ರಲ್ಲಿ ಇರುವೆ ಗೆದ್ರೂ ಒಂದೇ, ಆನೆ ಗೆದ್ರೂ ಒಂದೇ. ದೊಡ್ಡದಾಗಿ ತೋರ್ಸು” ಎಂದು ಮಾಮ ಜೊತೆಗೇ ಹೊರಟುಬಿಟ್ಟರು. ಮನೆಯಲ್ಲಿ ಭಾವಮೈದುನ ಇದ್ದವನಿಗೆ ಎಲ್ಲಿ ಹೋದರೂ ಹಿತವೇ.

ಅಂಗಡಿಯಲ್ಲಿ ಚುರುಕ ಆಗಲೇ ಕಿಟಕಿ ಪಕ್ಕದ ಕುರ್ಚಿಯ ಧೂಳು ಒರೆಸುತ್ತಿದ್ದ.

“ಕೂರೋನು ಯಾರೂಂತ ಗೊತ್ತಿಲ್ದೇನೇ ಒರೆಸ್ತಿದ್ದೀಯಾ? ಒಳ್ಳೇದು. ನನಗೆ ಧೂಳು ಆಗಲ್ಲ” ಎಂದ ನಿಧಾನಣ್ಣ. ಅಷ್ಟು ಹರಿತವಾದ ಮಾತು ತನ್ನ ಬಾಯಿಂದಲೇ ಬಂತೇ ಎಂದು ತನಗೇ ಆಶ್ಚರ್ಯವಾಯಿತು. “ನಿನ್ನೆ ಉಕ್ಕಿನ ಹುಂಜನ್ನ ಸೋಲಿಸ್ದೆ ಕಣೋ.”

ಚುರುಕನ ಕೈಯಿಂದ ಬಟ್ಟೆ ಬಿತ್ತು. ಅವನೂ ಆ ಆಟದವನೇ. ಹುಂಜನ ಬಾಣ ತಿಂದು ತಿಂದು ಮುಳ್ಳುಹಂದಿಯಾದವನು.

“ಅಣ್ಣಾ, ಹುಂಜನ್ನ ನೀನು ಸೋಲಿಸಿದ್ರೆ ನಾನು ಈ ಕುರ್ಚಿ ಆಸೆ ಬಿಟ್ಟೆ. ಎಲ್ಲಿ ತೋರ್ಸು!”

ಕಣ್ಣು ಪರೀಕ್ಷೆಯ ಕೋಣೆಯಲ್ಲಿ ಅಕ್ಷರ ತೋರಿಸುವ ದೊಡ್ಡ ಪರದೆಯಿತ್ತು. ಅದಕ್ಕೆ ಫೋನು ಜೋಡಿಸಿದ್ದಾಯಿತು. ಪರೀಕ್ಷೆ ಮಾಡುವ ಅಕ್ಕ ಬೈಯುತ್ತಲೇ ಜಾಗ ಬಿಟ್ಟಳು. ಒಂದು ಕಣ್ಣು ಮುಚ್ಚಿಕೊಂಡು ಕೂತಿದ್ದ ಗಿರಾಕಿಯೊಬ್ಬರು ಇನ್ನೊಂದನ್ನು ಅರಳಿಸಿದರು. ಗದ್ದಲ ಕೇಳಿ ಯಜಮಾನರೇ ಬಂದುಬಿಟ್ಟರು.

“ಏನಿದು, ಅಂಗಡಿನಾ, ಟೆಂಟ್ ಸಿನಿಮಾನಾ?”

ನಿಧಾನಣ್ಣನಿಗೆ ಹೆಂಡತಿಯ ಮಾತು ನೆನಪಾಯಿತು. ಬಾಯಿ ಬಿಟ್ಟ.

“ಯಜಮಾನ್ರೇ, ನನ್ನ ಕೈ ಚುರುಕಿಲ್ಲ ಅಂದಿದ್ರಲ್ಲ. ನಿನ್ನೆ ಮಧ್ಯಾಹ್ನದ ಕನ್ನಡಕ ಎಲ್ಲಾ ನಾನೊಬ್ಬನೇ ಕೂರಿಸ್ದೆ. ಒಂದನ್ನೂ ಇವನು ಮುಟ್ಟಿಲ್ಲ, ಕೇಳಿ. ಸಂಜೆ ಊರಿಗೇ ದೊಡ್ಡ ಆಟಗಾರನ್ನ ಸೋಲಿಸ್ದೆ. ಕಣ್ಣು, ಕೈ ಎರಡೂ ನೆಟ್ಟಗಿವೆ ಅನ್ನೋಕೆ ಇದಕ್ಕಿಂತ ಬೇರೆ ಸಾಕ್ಷಿ ಬೇಕಾ? ನೀವೇ ನೋಡಿ.”

ನೋಡಿದರು. ಪರದೆಯ ಮೇಲೆ ಸಿಡಿಲಮರಿ ನೋಡುವವರಿಗೆ ಬೆನ್ನು ಹಾಕಿ ಆಳೆತ್ತರ ನಿಂತಿದ್ದ. ಬಾಣಗಳು ಸುಂಯ್ ಸುಂಯ್ ಎಂದು ಬಂದವು. ಒಂದಾದರೂ ಮೈಗೆ ತಾಗಲಿಲ್ಲ. ಮಳೆಯಲ್ಲಿ ನೆನೆಯದ ಕೆಸುವಿನೆಲೆಯಂತೆ ಅವನು ಗಂಭೀರವಾಗಿ ನಡೆದು ಹುಂಜನ ಕೋಟೆ ಹತ್ತಿ, ದೀಪಕ್ಕೆ ಎರಡು ಸಲ ತಪ್ಪಿ ಮೂರನೇ ಸಲ ಹೊಡೆದ. ದೀಪ ಆರಿತು. ಕೋಣೆಯಲ್ಲಿ ಚಪ್ಪಾಳೆಯೋ ಚಪ್ಪಾಳೆ. ಗಿರಾಕಿಯವರು ಇನ್ನೊಂದು ಕಣ್ಣನ್ನೂ ತೆರೆದರು.

“ಭಲೇ! ನಿನ್ನ ಹೊಟ್ಟೆಯೊಳಗೆ ಇಷ್ಟೆಲ್ಲ ಇತ್ತಾ?” ಎಂದು ಯಜಮಾನರು ಬೆನ್ನು ತಟ್ಟಿದರು. ತಟ್ಟಿದ ಜಾಗದಿಂದ ನಿಧಾನಣ್ಣನ ಮೈಯೆಲ್ಲ ಹಿಗ್ಗು ಹಬ್ಬುತ್ತ ಹೋಯಿತು. “ಸರಿ ಹಾಗಾದ್ರೆ, ಕುರ್ಚಿ...”

“ಒಂದ್ನಿಮಿಷ ಯಜಮಾನ್ರೇ” ಎಂದ ಚುರುಕ. “ಇದನ್ನ ಎದುರಾಳಿ ಕಣ್ಣಿಂದಾನೂ ನೋಡ್ಬಹುದು. ಬಟನ್ ಇದೆ. ಹುಂಜಂಗೆ ನಮ್ಮಣ್ಣ ಹೇಗೆ ಕಾಣ್ತಿದ್ದ ನೋಡೋಣ.”

“ನೋಡ್ಲಿ, ಧಾರಾಳವಾಗಿ ನೋಡ್ಲಿ!” ಎಂದ ನಿಧಾನಣ್ಣ. ಆ ಬಟನ್ನನ್ನು ಅವನು ಈವರೆಗೆ ಒತ್ತಿರಲಿಲ್ಲ. ತನ್ನ ಗೆಲುವನ್ನು ತನ್ನ ಕಣ್ಣಿಂದ ನೋಡಿಯೇ ಮುಗಿದಿರಲಿಲ್ಲವಲ್ಲ.

ಚುರುಕ ಒತ್ತಿದ. ಈಗ ಕಂಡದ್ದು ಬೇರೆಯೇ ಲೋಕ. ಹುಂಜನ ಕೋಟೆಯ ಮೇಲಿಂದ ನೋಡಿದರೆ ಸಿಡಿಲಮರಿ ಅರ್ಧ ಆಟದವರೆಗೆ ನಡೆಯುತ್ತಲೇ ಇರಲಿಲ್ಲ; ಆಗ ಅವನ ಬೆನ್ನು ಮರೆಮಾಡಿದ್ದ ಒಂದು ಮೋಟುಗೋಡೆಗೆ ಮುಖ ಕೊಟ್ಟು, ಕಟ್ಟಿಹಾಕಿದ ಕರುವಿನಂತೆ ಅಲ್ಲೇ ಕಾಲಾಡಿಸುತ್ತಿದ್ದ. ಬಾಣಗಳು ಬರುತ್ತಿದ್ದವು, ಅವನ ಬಲಗಡೆ ಒಂದು ಗೇಣು ದೂರದಲ್ಲಿ ಸಾಲಾಗಿ ನೆಟ್ಟುಕೊಳ್ಳುತ್ತಿದ್ದವು. ನೋಡನೋಡುತ್ತ ಅಲ್ಲೊಂದು ಬಾಣಗಳ ಬೇಲಿಯೇ ಎದ್ದಿತು.

“ಅಣ್ಣಾ, ಗೋಡೆ ಹತ್ರ ಏನು ಗುಟ್ಟು ಮಾತಾಡ್ತಿದ್ದೆ?” ಎಂದ ಚುರುಕ.

“ಅದು... ಅದು ತಂತ್ರ ಕಣೋ. ನಿಂತ್ಕೊಂಡೇ ತಪ್ಪಿಸ್ಕೊಳ್ಳೋದು.”

ನಗು ಗೋಡೆಯಿಂದ ಗೋಡೆಗೆ ಬಡಿಯಿತು. ನಗದವಳು ಪರೀಕ್ಷೆಯ ಅಕ್ಕ ಒಬ್ಬಳೇ. ಅವಳು ಪರದೆಗೆ ಮೂಗು ತಾಗುವಷ್ಟು ಹತ್ತಿರ ಹೋಗಿದ್ದಳು.

“ನಗಬೇಡಿ. ಕೈ ನಡುಗಿದ್ರೆ ಬಾಣ ದಿಕ್ಕುದಿಕ್ಕಿಗೆ ಹೋಗತ್ತೆ. ಇದು ನೋಡಿ, ಎಲ್ಲಾ ಒಂದೇ ಕಡೆ, ಒಂದೇ ಅಳತೆ. ಈ ಹುಂಜನ ಗುರಿ ಸರಿಯಾಗಿದೆ, ನೋಟ ತಪ್ಪಿದೆ. ಈ ಮನುಷ್ಯಂಗೆ ಯಾರೋ ತಪ್ಪು ಕನ್ನಡಕ ಕೊಟ್ಟಿದ್ದಾರೆ!”

ಯಜಮಾನರಿಗೆ ಮೈ ಉರಿಯಿತು. ಎದೆ ಸೆಟೆಸಿ ಹೇಳಿದರು, “ಬೇರೆ ಯಾವ್ದೋ ಅಂಗಡಿ ಕೆಲಸ. ನಮ್ಮಪ್ಪನ ಕಾಲದಿಂದ ನಮ್ಮಲ್ಲಿ ಒಂದು ಗಾಜೂ ತಪ್ಪಿಲ್ಲ. ಇಂಥದ್ದು ಮಾಡಿದೋನು ನನ್ನ ಕೈಗೆ ಸಿಕ್ಕಿದ್ರೆ!”

ಮಾತು ಗೋಡೆಯಿಂದ ದೂರ ಸರಿದದ್ದೇ ನಿಧಾನಣ್ಣನಿಗೆ ಜೀವ ಬಂದಂತಾಯಿತು. “ಅಂಥೋರನ್ನ ಕೆಲಸಕ್ಕೇ ಇಟ್ಕೋಬಾರ್ದು ಯಜಮಾನ್ರೇ. ಕಣ್ಣಿನ ವಿಷಯ! ಕುರ್ಚಿ ಇರ್ಲಿ, ಸ್ಟೂಲೂ ಕೊಡಬಾರ್ದು” ಎಂದು ಒತ್ತಿ ಹೇಳಿದ.

“ದಯವಿಟ್ಟು ಇತ್ತ ಗಮನಿಸಿ.”

ಬಾಗಿಲ ಕಡೆಯಿಂದ ದನಿ ಬಂತು. ಊರಿಗೆಲ್ಲ ಗೊತ್ತಿದ್ದ ದನಿ. ಕೇಳಿದ ಕೂಡಲೇ ಎಲ್ಲರೂ ತಮ್ಮ ತಮ್ಮ ಚೀಲ ಎಲ್ಲಿದೆ ಎಂದು ತಡವಿಕೊಂಡರು. ರೈಲು ನಿಲ್ದಾಣದಲ್ಲಿ ಮೈಕಿನ ಹಿಂದೆ ಕೂರುವ ಹೆಂಗಸು ನಿಂತಿದ್ದಳು. ಐವತ್ತರ ಆಸುಪಾಸು, ನೆಟ್ಟನೆಯ ಬೆನ್ನು, ಕೈಯಲ್ಲೊಂದು ದುಂಡು ಫ್ರೇಮಿನ ಹೊಚ್ಚ ಹೊಸ ಕನ್ನಡಕ.

“ನಿನ್ನೆ ಮಧ್ಯಾಹ್ನ ನಿಮ್ಮಲ್ಲೇ ತಗೊಂಡೆ. ಆವಾಗಿಂದ ತಲೆ ಸಿಡೀತಿದೆ. ಹೊಸ ಕನ್ನಡಕ, ರೂಢಿ ಆಗತ್ತೆ ಅಂದ್ಕೊಂಡೆ. ಇವತ್ತು ಬೆಳಿಗ್ಗೆ ಮೂರು ನನಗೆ ಎಂಟಾಗಿ ಕಂಡು...”

“ನೀವೇನಾ!” ಚಪ್ಪಲಿ ಅಂಗಡಿ ಮಾಮ ಎದ್ದು ನಿಂತರು. “ನನ್ನ ಭಾವಮೈದುನ ಉಳಿದಿದ್ದು ಈ ಕನ್ನಡಕದಿಂದಾನಾ?”

ಆಕೆ ಪರದೆಯ ಕಡೆ ನೋಡುತ್ತಿದ್ದಳು. ಹಳೆಯ ಕನ್ನಡಕವನ್ನು ಚೀಲದಿಂದ ತೆಗೆದು ಹಾಕಿಕೊಂಡು ಇನ್ನೊಮ್ಮೆ ನೋಡಿದಳು.

“ಇದು ನನ್ನ ಕೋಟೆ. ನನ್ನ ಬಾಣ.” ದನಿ ಪ್ಲಾಟ್‌ಫಾರಮ್ಮಿನಿಂದ ಮೆಲ್ಲಗೆ ಕೆಳಗಿಳಿಯಿತು. “ಉಕ್ಕಿನ ಹುಂಜ ನಾನೇ. ನಿನ್ನೆ ಮೊದಲ ಸಲ ಸೋತೆ. ಅದೂ ಗೋಡೆಗೆ ಡಿಕ್ಕಿ ಹೊಡೀತಿದ್ದ ಯಾವ್ದೋ ಸಿಡಿಲಮರಿ ಕೈಲಿ.”

ಯಜಮಾನರು ಹೊಸ ಕನ್ನಡಕವನ್ನು ಇಸಿದುಕೊಂಡು ಪವರ್ ಅಳೆಯುವ ಯಂತ್ರಕ್ಕೆ ಕೊಟ್ಟರು. ಬಲಗಣ್ಣಿನ ಗಾಜು ಎಡಗಡೆ ಕೂತಿತ್ತು, ಎಡದ್ದು ಬಲಗಡೆ. ದುಂಡು ಫ್ರೇಮು ನೋಡಿ. ಯಾವುದನ್ನು ಎಲ್ಲಿ ಕೂರಿಸಿದರೂ ಬಾಯಿ ಮುಚ್ಚಿಕೊಂಡು ಒಳಗೆ ಕೂರುತ್ತದೆ.

ಯಾರು ಕೂರಿಸಿದ್ದು ಎಂದು ಯಜಮಾನರು ಕೇಳಲಿಲ್ಲ. ಕೇಳಬೇಕಾಗಿಯೂ ಇರಲಿಲ್ಲ. ನಿನ್ನೆ ಮಧ್ಯಾಹ್ನದ್ದೆಲ್ಲ ನಾನೊಬ್ಬನೇ ಎಂದು ಎದೆ ತಟ್ಟಿಕೊಂಡವನು ಅಲ್ಲೇ ನಿಂತಿದ್ದ. ಎಲ್ಲರ ಕಣ್ಣೂ ಅವನ ಮೇಲೆ ನೆಟ್ಟವು. ಈ ಸಲ ಒಂದು ಬಾಣವೂ ಗುರಿ ತಪ್ಪಲಿಲ್ಲ.

ನಿಧಾನಣ್ಣ ಕನ್ನಡಕ ತೆಗೆದುಕೊಂಡು ಹಿಂಕೋಣೆಗೆ ಹೋದ. ಗಾಜು ಬಿಡಿಸಿದ, ಅಂಚು ಒರೆಸಿದ, ಬಲದ್ದನ್ನು ಬಲಕ್ಕೆ, ಎಡದ್ದನ್ನು ಎಡಕ್ಕೆ ಕೂರಿಸಿದ, ಯಂತ್ರಕ್ಕೆ ಕೊಟ್ಟು ನೋಡಿದ, ಮತ್ತೊಮ್ಮೆ ನೋಡಿದ. ಯಾರೂ ಅವಸರ ಮಾಡಲಿಲ್ಲ. ತಂದು ಕೊಟ್ಟಾಗ ಆಕೆ ಹಾಕಿಕೊಂಡು ಪರದೆ ನೋಡಿದಳು, ಬೀದಿ ನೋಡಿದಳು, ಕೊನೆಗೆ ಅವನನ್ನು ಅಡಿಯಿಂದ ಮುಡಿಯವರೆಗೆ ನೋಡಿದಳು.

“ಚೆನ್ನಾಗಿ ಮಾಡಿದ್ದೀರಪ್ಪ. ಕೂದಲೆಳೆಯಷ್ಟೂ ತಪ್ಪಿಲ್ಲ. ಒಂದು ಆಟ ಆಡೋಣ್ವಾ?”

ಆಡಿದರು. ನಿಧಾನಣ್ಣ ಫೋನನ್ನು ಸರಿಯಾಗಿ ಹಿಡಿದುಕೊಳ್ಳುವ ಮೊದಲೇ ಸಿಡಿಲಮರಿಯ ದೀಪ ಆರಿತ್ತು. ತನ್ನ ಕೈಕೆಲಸ ಎಷ್ಟು ಚೊಕ್ಕ ಎಂದು ಅವನಿಗೆ ಇಷ್ಟು ಚೆನ್ನಾಗಿ ಯಾರೂ ತೋರಿಸಿಕೊಟ್ಟಿರಲಿಲ್ಲ.

ಕಿಟಕಿ ಪಕ್ಕದ ಕುರ್ಚಿಯಲ್ಲಿ ಚುರುಕ ಕೂತ. ನಿಧಾನಣ್ಣನನ್ನು ಕೆಲಸದಿಂದ ತೆಗೆಯುತ್ತಾರೆ ಎಂದು ಎಲ್ಲರೂ ಎಣಿಸಿದರು. ಯಜಮಾನರು ಮಾತ್ರ ಪರದೆಯನ್ನೇ ನೋಡುತ್ತ ಬಹಳ ಹೊತ್ತು ಗಲ್ಲ ಕೆರೆದುಕೊಂಡರು.

“ನಿನ್ನ ಆಟ ಎಲ್ರೂ ನೋಡ್ಬೇಕು ಅಂತ ತಾನೇ ನಿನ್ನಾಸೆ?” ಎಂದರು. “ನೋಡ್ಲಿ.”

ಈಗ ಅಂಗಡಿಗೆ ಯಾರೇ ಬಂದರೂ ಮೊದಲು ಆ ದೊಡ್ಡ ಪರದೆಯ ಮುಂದೆ ಕೂರಿಸುತ್ತಾರೆ. ಹುಂಜನ ಕಣ್ಣಿಂದ ಮ್ಯಾಚು ಓಡುತ್ತದೆ. ಬಾಣಗಳ ಬೇಲಿ ಏಳುತ್ತದೆ. ಕೆಳಗೆ ‘ಗಾಜು ಅದಲುಬದಲಾದರೆ ಹೀಗಾಗುತ್ತದೆ. ಅವಸರ ಮಾಡಬೇಡಿ’ ಎಂಬ ಬರಹ. ಪಕ್ಕದಲ್ಲೊಂದು ಸ್ಟೂಲು. ಬಂದವರಿಗೆಲ್ಲ ಅದನ್ನು ವಿವರಿಸುವುದು ಅದರ ಮೇಲೆ ಕೂತ ನಿಧಾನಣ್ಣನ ಕೆಲಸ. ಹೆಂಡತಿಯೂ ಒಮ್ಮೆ ಬಂದು, ಪೂರ್ತಿ ನೋಡಿ, “ಗೋಡೆ ಹಾಗೆ ನಿಂತ್ಕೋಬೇಡಿ ಅಂದ್ರೆ ಗೋಡೆನೇ ತಬ್ಕೊಂಡಿದ್ದೀರಲ್ಲ ರೀ” ಎಂದು ಹೋದಳು.

“ಇವರಲ್ಲಿ ಗೆದ್ದೋರು ಯಾರು?” ಎಂದು ಗಿರಾಕಿಗಳು ಕೇಳಿಯೇ ಕೇಳುತ್ತಾರೆ.

“ನಾನೇ!” ಎನ್ನುತ್ತಾನೆ ನಿಧಾನಣ್ಣ. ಎದೆ ಉಬ್ಬುತ್ತದೆ, ಸ್ಟೂಲು ಸಿಂಹಾಸನವಾಗುತ್ತದೆ.

“ಭಲೇ! ಮತ್ತೆ ಆ ಕನ್ನಡಕ ಮಾಡಿದ ಮಹಾರಾಯ ಯಾರು?”

ಆಗ ನಿಧಾನಣ್ಣ ತನ್ನ ಕನ್ನಡಕ ತೆಗೆದು, ಅಂಗಿಯ ಚುಂಗಿನಿಂದ ಒರೆಸಲು ಶುರುಮಾಡುತ್ತಾನೆ. ಮೊದಲು ಬಲಗಾಜು, ಆಮೇಲೆ ಎಡಗಾಜು. ಅಷ್ಟು ನಿಧಾನವಾಗಿ ಒರೆಸುತ್ತಾನೆಂದರೆ, ಮುಗಿಯುವಷ್ಟರಲ್ಲಿ ಗಿರಾಕಿ ಎದ್ದು ಹೋಗಿರುತ್ತಾನೆ.